ಪಿಂಗು ಆಡುವ ಭಾಷೆ

ಹುಬ್ಬಳ್ಳಿಯಲ್ಲಿರುವ ನನ್ನ ವಾಕ್ ಚಿಕಿತ್ಸಾ ಕೊಠಡಿಗೆ ಮಾತು ತಡವಾದ ಮಕ್ಕಳು ಬರುತ್ತಾರೆ. ಒಬ್ಬರ ಮನೆಮಾತು ಕನ್ನಡವಾದರೆ ಇನ್ನೊಬ್ಬರದು ಉರ್ದು, ಮತ್ತೊಬ್ಬರದು ಮರಾಠಿ ಇಲ್ಲವೆ ಕೊಂಕಣಿ. ಇವರೆಲ್ಲರ ಮುಂದೆಯೂ ನಾನು ಹಿಂಜರಿಯದೆ ಇಡುವ ಕಾರ್ಟೂನು ಪಿಂಗು.

ಓಟ್ಮಾರ್ ಗುಟ್ಮನ್ ಅವರು ಕ್ಲೇಯಲ್ಲಿ ರೂಪಿಸಿದ ಈ ಪೆಂಗ್ವಿನ್ ಮರಿಯ ಸರಣಿ 1990ರಲ್ಲಿ ಸ್ವಿಟ್ಜರ್ಲೆಂಡಿನ ಟಿವಿಯಲ್ಲಿ ಆರಂಭವಾಗಿ ಬ್ರಿಟನ್, ಜಪಾನ್ ಮುಂತಾದ ದೇಶಗಳ ಮಕ್ಕಳನ್ನು ತಲುಪಿತು. 2017ರಲ್ಲಿ ಜಪಾನಿನಲ್ಲಿ ಹೊಸ ಸರಣಿಯೇ ತಯಾರಾಯಿತು. ಇದರ ಪಾತ್ರಗಳು ಯಾವ ದೇಶದ ಭಾಷೆಯನ್ನೂ ಆಡುವುದಿಲ್ಲ. ಮೊದಲ ಸರಣಿಗಳಲ್ಲಿ ಇಟಲಿಯ ಕಾರ್ಲೋ ಬೊನೋಮಿ ಅವರು ಅಪ್ಪ, ಅವ್ವ, ತಂಗಿ ಪಿಂಗಾ ಎಲ್ಲರಿಗೂ ಒಬ್ಬರೇ ಧ್ವನಿ ನೀಡಿದರು. ಸಿಟ್ಟು ಬಂದಾಗ ಪಿಂಗುವಿನ ಕೊಕ್ಕು ಕಹಳೆಯಂತೆ ಮುಂದೆ ಚಾಚಿಕೊಂಡು 'ನೂಟ್ ನೂಟ್' ಎನ್ನುತ್ತದೆ.

ಡಬ್ಬಿಂಗ್ ಬೇಕಿಲ್ಲದ್ದರಿಂದ ಇದು ದೇಶದೇಶಗಳಿಗೆ ಸುಲಭವಾಗಿ ಹೋಯಿತೆಂಬುದು ನಿಜ, ಆದರೆ ಮಕ್ಕಳು ಅದನ್ನು ಒಪ್ಪಿಕೊಂಡದ್ದಕ್ಕೆ ಕಾರಣ ಬೇರೆಯೇ ಇದೆ ಎಂದು ನನ್ನ ಅಭಿಪ್ರಾಯ. ಮಗುವಿಗೆ ಪದಕ್ಕಿಂತ ಮೊದಲು ದಕ್ಕುವುದು ಮಾತಿನ ರಾಗ. ನವಜಾತ ಶಿಶುಗಳ ಅಳುವನ್ನು ಪರಿಶೀಲಿಸಿ 2009ರಲ್ಲಿ ಪ್ರಕಟವಾದ ಅಧ್ಯಯನವೊಂದರಲ್ಲಿ, ಫ್ರೆಂಚ್ ಮನೆಗಳ ಶಿಶುಗಳ ಅಳು ಹೆಚ್ಚಾಗಿ ಏರುವ ಧಾಟಿಯಲ್ಲಿಯೂ ಜರ್ಮನ್ ಮನೆಗಳ ಶಿಶುಗಳ ಅಳು ಇಳಿಯುವ ಧಾಟಿಯಲ್ಲಿಯೂ ಇದ್ದದ್ದು ಕಂಡುಬಂತು. ಅಂದರೆ ಗರ್ಭದಲ್ಲಿದ್ದಾಗಲೇ ಮಗು ತಾಯ್ನುಡಿಯ ಏರಿಳಿತವನ್ನು ಕೇಳಿಸಿಕೊಂಡಿರುತ್ತದೆ. ಗದರಿಕೆ, ಗೋಗರೆತ, ಮುದ್ದು, ಹಟ ಇವುಗಳ ಧಾಟಿ ಧಾರವಾಡದ ಓಣಿಯಲ್ಲಿಯೂ ಪಿಂಗುವಿನ ಹಿಮದ ಮನೆಯಲ್ಲಿಯೂ ಹೆಚ್ಚು ದೂರವಿಲ್ಲ, ಮತ್ತು ಬೊನೋಮಿಯವರ ಗಂಟಲಲ್ಲಿ ಅವೆಲ್ಲ ಇದ್ದವು.

ಆದರೂ ಕಾರ್ಟೂನು ತಾನಾಗಿ ಮಾತು ಕಲಿಸುವುದಿಲ್ಲ, ಏಕೆಂದರೆ ಅದು ಮಗುವಿಗೆ ಮರುಮಾತು ಕೊಡುವುದಿಲ್ಲ. ಎರಡರಿಂದ ನಾಲ್ಕು ವರ್ಷದ ಮಕ್ಕಳಿಗೆ ದಿನಕ್ಕೆ ಒಂದು ಗಂಟೆಗಿಂತ ಹೆಚ್ಚು ಪರದೆ ಬೇಡವೆಂದು ವಿಶ್ವ ಆರೋಗ್ಯ ಸಂಸ್ಥೆ 2019ರಲ್ಲಿ ಹೇಳಿದೆ. ನಾನು ತೋರಿಸುವುದು ಎರಡೇ ನಿಮಿಷ, ಅದೂ ಮನೆಯವರು ಪಕ್ಕದಲ್ಲಿ ಕುಳಿತಿದ್ದಾಗ.

ಕಳೆದ ಮಳೆಗಾಲದಲ್ಲಿ ಮೂರೂವರೆ ವರ್ಷದ ಹುಡುಗನೊಬ್ಬ ಅಜ್ಜಿಯೊಂದಿಗೆ ಬಂದಿದ್ದ. ಟ್ಯಾಬನ್ನು ಗೋಡೆಯ ಕಡೆಗೆ ತಿರುಗಿಸಿ ಧ್ವನಿಯನ್ನಷ್ಟೇ ಕೇಳಿಸಿದೆ. ಮೂಲೆಯಲ್ಲಿ ಕುಳಿತಿದ್ದ ಅಜ್ಜಿ ಸೆರಗು ಸರಿಮಾಡಿಕೊಳ್ಳುತ್ತ, "ಅವ್ವ ಬೈಯಾಕತ್ತಾಳ ನೋಡ್ರಿ, ಮೇಡಮ್ಮರ" ಎಂದರು. ಹುಡುಗ ಅಜ್ಜಿಯ ಬಾಯನ್ನೇ ನೋಡಿದ, ತನ್ನ ತುಟಿಗಳನ್ನು ಗಟ್ಟಿಯಾಗಿ ಒತ್ತಿಕೊಂಡ, ಆಮೇಲೆ "ಬೈ... ಅವ್ವ ಬೈ" ಎಂದ.