ಮತದಾನಕ್ಕೆ ಮೊದಲೇ ಬದಲಾದ ರೇಡಿಯೊ: ದಕ್ಷಿಣ ಆಫ್ರಿಕಾದ ಪ್ರಸಂಗ

ದಕ್ಷಿಣ ಆಫ್ರಿಕಾದ ಸರ್ಕಾರಿ ಪ್ರಸಾರ ಸಂಸ್ಥೆಯಾದ ಎಸ್‌ಎಬಿಸಿ 1936ರಲ್ಲಿ ಆರಂಭವಾಯಿತು. ವರ್ಣಭೇದ ನೀತಿಯ ಕಾಲದಲ್ಲಿ ಅದು ಆಳುವ ನ್ಯಾಷನಲ್ ಪಕ್ಷದ ಕೈಗೊಂಬೆಯಾಗಿ ಉಳಿಯಿತು. 1960ರ ದಶಕದಲ್ಲಿ ಎಫ್‌ಎಂ ಜಾಲವನ್ನು ವಿಸ್ತರಿಸಿ, ‘ರೇಡಿಯೊ ಬಂಟು’ ಹೆಸರಿನಲ್ಲಿ ಜುಲು, ಷೋಸಾ, ಸೋತೋ ಮೊದಲಾದ ಭಾಷೆಗಳಿಗೆ ಬೇರೆ ಬೇರೆ ಪ್ರಸಾರ ಸೇವೆಗಳನ್ನು ಒದಗಿಸಲಾಯಿತು. ಮೇಲ್ನೋಟಕ್ಕೆ ಭಾಷಾಭಿಮಾನದಂತೆ ತೋರುವ ಈ ಏರ್ಪಾಡಿನ ಹಿಂದೆ, ಕಪ್ಪು ಜನರನ್ನು ಬುಡಕಟ್ಟುಗಳಾಗಿ ಒಡೆದಿಡುವ ಮತ್ತು ಶಾರ್ಟ್‌ವೇವ್‌ನಲ್ಲಿ ಬರುತ್ತಿದ್ದ ಹೊರದೇಶದ ಸುದ್ದಿಯಿಂದ ಅವರನ್ನು ದೂರವಿಡುವ ಲೆಕ್ಕಾಚಾರವಿತ್ತು. ವರ್ಣಭೇದದ ವಿರುದ್ಧ ಹೋರಾಡುತ್ತಿದ್ದ ಆಫ್ರಿಕನ್ ನ್ಯಾಷನಲ್ ಕಾಂಗ್ರೆಸ್ (ಎಎನ್‌ಸಿ) ಜಾಂಬಿಯಾದ ಲುಸಾಕಾದಂತಹ ಹೊರದೇಶದ ನಗರಗಳಿಂದ ಬಿತ್ತರಿಸುತ್ತಿದ್ದ ‘ರೇಡಿಯೊ ಫ್ರೀಡಂ’ ಅನ್ನು ಕೇಳುವುದೇ ಅಪರಾಧವಾಗಿತ್ತು.

1990ರಲ್ಲಿ ನೆಲ್ಸನ್ ಮಂಡೇಲಾ ಬಿಡುಗಡೆಯಾಗಿ ಮಾತುಕತೆ ಶುರುವಾದಾಗ, ಚುನಾವಣೆಯ ವೇಳೆ ರೇಡಿಯೊ ಯಾರ ಹಿಡಿತದಲ್ಲಿರಬೇಕು ಎಂಬ ಪ್ರಶ್ನೆ ಎದುರಾಯಿತು. ಎದುರಾಳಿಯ ಕೈಯಲ್ಲಿರುವ ಪ್ರಸಾರ ಸಂಸ್ಥೆಯ ನೆರಳಿನಲ್ಲಿ ಮತ ಕೇಳಲು ಎಎನ್‌ಸಿ ಸಿದ್ಧವಿರಲಿಲ್ಲ. ಅಧಿಕಾರ ಕೈತಪ್ಪುವುದನ್ನು ಅರಿತಿದ್ದ ನ್ಯಾಷನಲ್ ಪಕ್ಷಕ್ಕೆ, ಅದೇ ಸಂಸ್ಥೆ ನಾಳೆ ತನ್ನ ವಿರುದ್ಧ ತಿರುಗೀತೆಂಬ ಅಂಜಿಕೆಯಿತ್ತು. ನನ್ನ ದೃಷ್ಟಿಯಲ್ಲಿ ಪ್ರಸಾರದ ಸ್ವಾಯತ್ತತೆ ಹುಟ್ಟಿದ್ದು ಆದರ್ಶಕ್ಕಿಂತ ಹೆಚ್ಚಾಗಿ ಈ ಪರಸ್ಪರ ಅಪನಂಬಿಕೆಯಿಂದ. 1993ರಲ್ಲಿ ಎಸ್‌ಎಬಿಸಿಯ ಹೊಸ ಆಡಳಿತ ಮಂಡಳಿಗೆ ಅಭ್ಯರ್ಥಿಗಳನ್ನು ಬಹಿರಂಗವಾಗಿ ಸಂದರ್ಶಿಸಿ ಆರಿಸಲಾಯಿತು. ಅದೇ ವರ್ಷ ಸ್ವತಂತ್ರ ಪ್ರಸಾರ ಪ್ರಾಧಿಕಾರದ ಕಾಯ್ದೆಯೂ ಬಂದಿತು. ಮತದಾನ ನಡೆದದ್ದು 1994ರ ಏಪ್ರಿಲ್‌ನಲ್ಲಿ. ಈ ಅನುಕ್ರಮವನ್ನು ಪರೀಕ್ಷೆಗೆ ಓದುವವರು ಗಮನಿಸಬೇಕು.

ಆ ಕಾಯ್ದೆಯು ಪ್ರಸಾರವನ್ನು ಸಾರ್ವಜನಿಕ, ಖಾಸಗಿ, ಸಮುದಾಯ ಎಂದು ಮೂರಾಗಿ ವಿಂಗಡಿಸಿತು. ಮೂರನೆಯದಕ್ಕೆ ಕೇಪ್‌ಟೌನಿನ ‘ಬುಷ್ ರೇಡಿಯೊ’ ಒಳ್ಳೆಯ ನಿದರ್ಶನ. 1980ರ ದಶಕದಲ್ಲಿ ಭಾಷಣ, ಕವಿತೆ, ಹಾಡುಗಳನ್ನು ಕ್ಯಾಸೆಟ್‌ಗೆ ತುಂಬಿ ಕೈಯಿಂದ ಕೈಗೆ ದಾಟಿಸುತ್ತಿದ್ದ ಗುಂಪಿನ ಪ್ರಯತ್ನದಿಂದ ಬೆಳೆದ ಈ ಕೇಂದ್ರ, 1993ರಲ್ಲಿ ಪರವಾನಗಿ ಇಲ್ಲದೆಯೇ ಪ್ರಸಾರ ಆರಂಭಿಸಿತು. ಕೆಲವೇ ಗಂಟೆಗಳಲ್ಲಿ ಅಧಿಕಾರಿಗಳು ಬಂದು ಉಪಕರಣಗಳನ್ನು ವಶಪಡಿಸಿಕೊಂಡರು. 1995ರಲ್ಲಿ ಅದೇ ಕೇಂದ್ರ ಕಾನೂನುಬದ್ಧವಾಗಿ ಬಾನುಲಿಗೆ ಮರಳಿತು. ಖಾಸಗಿ ವಲಯಕ್ಕಾಗಿ 1996ರಲ್ಲಿ ಎಸ್‌ಎಬಿಸಿಯ ಆರು ಕೇಂದ್ರಗಳನ್ನು ಮಾರಲಾಯಿತು.

ಹಳೆಯ ಭಾಷಾ ಕೇಂದ್ರಗಳನ್ನು ಮಾತ್ರ ಯಾರೂ ಮುಚ್ಚಲಿಲ್ಲ. ಒಡೆದು ಆಳಲು ಕಟ್ಟಿದ ಜಾಲವೇ ಹನ್ನೊಂದು ಅಧಿಕೃತ ಭಾಷೆಗಳ ಸಾರ್ವಜನಿಕ ಸೇವೆಗೆ ತಳಹದಿಯಾಯಿತು. ರೇಡಿಯೊ ಜುಲು ‘ಉಖೋಜಿ ಎಫ್‌ಎಂ’ ಆಯಿತು. ವರ್ಣಭೇದ ಕಾಲದ ದೌರ್ಜನ್ಯಗಳ ಬಗ್ಗೆ 1996ರಿಂದ ನಡೆದ ಸತ್ಯ ಮತ್ತು ಸಂಧಾನ ಆಯೋಗದ ವಿಚಾರಣೆಗಳು ಹಳ್ಳಿಗಳನ್ನು ಮುಟ್ಟಿದ್ದು ಬಹುಮಟ್ಟಿಗೆ ಈ ಕೇಂದ್ರಗಳ ಮೂಲಕವೇ.

ಅದೇ ವರ್ಷದ ಸಂವಿಧಾನದ 192ನೇ ವಿಧಿ ಪ್ರಸಾರಕ್ಕೆ ಸ್ವತಂತ್ರ ನಿಯಂತ್ರಣ ಪ್ರಾಧಿಕಾರವನ್ನು ಕಡ್ಡಾಯಗೊಳಿಸಿತು. ಪ್ರತಿಭಟನೆಗಳಲ್ಲಿ ಆಸ್ತಿ ನಾಶವಾಗುವ ದೃಶ್ಯಗಳನ್ನು ತೋರಿಸಬಾರದೆಂದು 2016ರಲ್ಲಿ ಎಸ್‌ಎಬಿಸಿ ತೀರ್ಮಾನಿಸಿದಾಗ, ಅದನ್ನು ಹಿಂತೆಗೆದುಕೊಳ್ಳಲು ಆದೇಶಿಸಿದ್ದು ಈ ವ್ಯವಸ್ಥೆಯ ಇಂದಿನ ರೂಪವಾದ ಐಕಾಸಾ.