ರಾಜೀನಾಮೆ ಕೊಡುವ ಮುನ್ನ ಒಂದು ಕಪ್ಪಿನ ಲೆಕ್ಕ

ಚಿತ್ರ ಬರೆಯುವವರು, ಗೇಮ್ ಮಾಡುವವರು, ಕುಂಬಾರಿಕೆಯ ಸ್ಟುಡಿಯೋ ನಡೆಸುವವರು, ಇಂಥವರ ಲೆಕ್ಕಪತ್ರ ನೋಡಿಕೊಳ್ಳುವುದು ನನ್ನ ಕೆಲಸ. ಇವರಲ್ಲಿ ಬಹಳಷ್ಟು ಮಂದಿ ಮೊದಲು ಸಾಫ್ಟ್‌ವೇರ್ ಕಂಪನಿಗಳಲ್ಲಿ ಇದ್ದವರು. ರಾಜೀನಾಮೆ ಕೊಟ್ಟ ಮೇಲೆ ಬರುವವರು ಇದ್ದಾರೆ, ಕೊಡುವ ಮೊದಲೇ ಬಂದು ಕೇಳುವವರೂ ಇದ್ದಾರೆ. ಮೊದಲೇ ಬರುವವರ ಪ್ರಶ್ನೆ ಹೆಚ್ಚುಕಮ್ಮಿ ಒಂದೇ: "ಕೈಯಲ್ಲಿ ಎಷ್ಟು ದುಡ್ಡಿದ್ದರೆ ಧೈರ್ಯವಾಗಿ ಬಿಡಬಹುದು?"

ಈ ಪ್ರಶ್ನೆಗೆ ಉತ್ತರ ಇದೆ, ಮುಂದೆ ಹೇಳುತ್ತೇನೆ. ಆದರೆ ನಾನು ಕಂಡ ಮಟ್ಟಿಗೆ ಉಳಿತಾಯ ಕಡಿಮೆ ಇದ್ದದ್ದರಿಂದಲೇ ಸೋತವರು ಕಮ್ಮಿ. ತಾವು ಮಾಡಿ ಮಾರುವ ವಸ್ತುವಿನ ಲೆಕ್ಕ ತಿಳಿಯದೆ, ಇದ್ದ ಒಳ್ಳೆಯ ಉಳಿತಾಯವನ್ನೂ ಕರಗಿಸಿಕೊಂಡವರು ಜಾಸ್ತಿ. ಅದಕ್ಕೇ ನಾನು ತಿರುಗಿ ಎರಡು ಪ್ರಶ್ನೆ ಕೇಳುತ್ತೇನೆ. ನಿಮ್ಮ ಪರಿಚಯವೇ ಇಲ್ಲದ ಎಷ್ಟು ಜನ ನೀವು ಮಾಡಿದ್ದನ್ನು ದುಡ್ಡು ಕೊಟ್ಟು ತಗೊಂಡಿದ್ದಾರೆ? ಅವರಲ್ಲಿ ಎಷ್ಟು ಜನ ಎರಡನೇ ಸಲ ಬಂದರು?

ಸ್ನೇಹಿತರು, ಆಫೀಸಿನವರು ತಗೊಂಡಿದ್ದನ್ನು ಇದರಲ್ಲಿ ಸೇರಿಸಬೇಡಿ. ಅವರು ನಿಮ್ಮ ಮುಖ ನೋಡಿ ತಗೊಂಡಿರುತ್ತಾರೆ. ಪ್ರೀತಿಯಿಂದ ಮಾಡಿದ್ದೇ ಆದರೂ ಅದರಿಂದ ಮಾರುಕಟ್ಟೆ ಗೊತ್ತಾಗುವುದಿಲ್ಲ.

ಒಬ್ಬ ಪ್ರೋಗ್ರಾಮರ್ ನನ್ನ ಬಳಿ ಬಂದಿದ್ದರು. ವಾರದ ಕೊನೆಯಲ್ಲಿ ಕುಂಬಾರಿಕೆ ಕಲಿತು, ನಿಜವಾಗಿಯೂ ಚೆಂದದ ಕಪ್‌ಗಳನ್ನು ಮಾಡುತ್ತಿದ್ದರು. ಮಾಡಿದ್ದೆಲ್ಲ ಮಾರಾಟವೂ ಆಗುತ್ತಿತ್ತು. ಒಂದು ಕಪ್‌ಗೆ ಎಷ್ಟು ಹೊತ್ತು ಹಿಡಿಯುತ್ತದೆ ಎಂದು ಕೇಳಿದೆ. "ಹತ್ತು ನಿಮಿಷ" ಅಂದರು. ತಿಗರಿಯ ಮೇಲೆ ಮಣ್ಣು ಎತ್ತುವುದಕ್ಕೆ ಅಷ್ಟೇ ಸಾಕು, ಸುಳ್ಳಲ್ಲ. ಆಮೇಲೆ ಇಬ್ಬರೂ ಕೂತು ಉಳಿದದ್ದನ್ನು ಒಂದೊಂದಾಗಿ ಬರೆದೆವು.

ಮಣ್ಣನ್ನು ನಾದಿ ಒಳಗಿನ ಗಾಳಿ ತೆಗೆಯಬೇಕು. ಎತ್ತಿದ ಕಪ್ ಅರೆ ಒಣಗುವವರೆಗೆ ಕಾಯಬೇಕು, ಆಮೇಲೆ ಅಡಿ ಕೆತ್ತಬೇಕು, ಹಿಡಿ ಮಾಡಿ ಅಂಟಿಸಬೇಕು. ನಿಧಾನವಾಗಿ ಒಣಗಿಸಬೇಕು, ಅವಸರ ಮಾಡಿದರೆ ಹಿಡಿಯ ಬುಡದಲ್ಲೇ ಬಿರುಕು ಬಿಡುತ್ತದೆ. ಮೊದಲ ಸಲ ಸುಮಾರು 1000 ಡಿಗ್ರಿ ಸೆಲ್ಸಿಯಸ್‌ನಲ್ಲಿ ಸುಡಬೇಕು. ಆಮೇಲೆ ಗ್ಲೇಜ್‌ನಲ್ಲಿ, ಅಂದರೆ ಸುಟ್ಟಾಗ ಗಾಜಿನಂಥ ಹೊಳಪು ಕೊಡುವ ದ್ರಾವಣದಲ್ಲಿ ಅದ್ದಿ, ಅಡಿಗೆ ಹತ್ತಿದ ಗ್ಲೇಜ್ ಒರೆಸಬೇಕು. ಒರೆಸದಿದ್ದರೆ ಕಪ್ ಆವಿಗೆಯ (ಸುಡುವ ಒಲೆಯ) ಹಲಗೆಗೇ ಅಂಟಿಕೊಂಡುಬಿಡುತ್ತದೆ. ಎರಡನೇ ಸಲ, ಸ್ಟೋನ್‌ವೇರ್ ಎಂಬ ಗಟ್ಟಿ ಪಾತ್ರೆಯ ಮಣ್ಣಾದರೆ 1200 ಡಿಗ್ರಿಗೂ ಮೇಲೆ. ಆವಿಗೆ ತಣ್ಣಗಾಗುವ ತನಕ ಬಾಗಿಲು ತೆಗೆಯುವ ಹಾಗಿಲ್ಲ. ಹೊರಗೆ ಬಂದ ಮೇಲೆ ಅಡಿ ಉಜ್ಜಬೇಕು, ಫೋಟೋ ತೆಗೆಯಬೇಕು, ನಾಲ್ಕು ಸಾಲು ಬರೆಯಬೇಕು, ಗಿರಾಕಿಗಳ ಮೆಸೇಜ್‌ಗೆ ಉತ್ತರ ಕೊಡಬೇಕು, ಒಡೆಯದ ಹಾಗೆ ಪ್ಯಾಕ್ ಮಾಡಬೇಕು, ಕೊರಿಯರ್‌ಗೆ ಹಾಕಬೇಕು. ಇದರ ನಡುವೆ ಬಿರುಕು ಬಿಟ್ಟದ್ದು, ಗ್ಲೇಜ್ ಗುಳ್ಳೆ ಎದ್ದದ್ದು, ದಾರಿಯಲ್ಲಿ ಒಡೆದದ್ದು ಬೇರೆ.

ಬರೆದು ಮುಗಿಸಿದಾಗ ಹತ್ತು ನಿಮಿಷದ ಕಪ್‌ಗೆ ಗಂಟೆಗಿಂತ ಜಾಸ್ತಿ ಕೈಕೆಲಸ ಇತ್ತು. ಅವರು ಇಟ್ಟಿದ್ದ ಬೆಲೆಯಲ್ಲಿ ಮಣ್ಣಿನ ಖರ್ಚು ಮತ್ತು ಆ ಹತ್ತು ನಿಮಿಷ ಮಾತ್ರ ಇದ್ದವು. ವಿದ್ಯುತ್ ಇಲ್ಲ, ಹಾಳಾದ ಕಪ್‌ಗಳು ಇಲ್ಲ, ಪ್ಯಾಕಿಂಗ್‌ನ ಗಂಟೆಗಳು ಇಲ್ಲ. ಎಲ್ಲ ಕಪ್‌ಗಳೂ ಮಾರಾಟವಾಗುತ್ತಿದ್ದವು, ಪ್ರತಿ ಕಪ್‌ಗೂ ಅವರು ಕೈಯಿಂದ ದುಡ್ಡು ಹಾಕುತ್ತಿದ್ದರು. ಸಂಬಳ ಬರುತ್ತಿದ್ದರಿಂದ ಅದು ಕಣ್ಣಿಗೆ ಬಿದ್ದಿರಲಿಲ್ಲ. ಕೆಲಸ ಬಿಟ್ಟಿದ್ದರೆ, ಹೆಚ್ಚು ಮಾರಿದಷ್ಟೂ ಹೆಚ್ಚು ಬೇಗ ಉಳಿತಾಯ ಖಾಲಿಯಾಗುತ್ತಿತ್ತು.

ಅವರು ಕೆಲಸ ಬಿಡುವ ಯೋಚನೆಯನ್ನು ಬಿಡಲಿಲ್ಲ, ಮುಂದೂಡಿದರು. ಬೆಲೆ ಏರಿಸಿದರು. ಹತ್ತಾರು ಆಕಾರಗಳನ್ನು ಕೆಲವಕ್ಕೆ ಇಳಿಸಿದರು. ಹಿಡಿ ಇಲ್ಲದ ಲೋಟಗಳನ್ನು ಶುರು ಮಾಡಿದರು, ಅಲ್ಲಿ ಸಮಯವೂ ಉಳಿಯಿತು, ಬಿರುಕೂ ಕಮ್ಮಿಯಾಯಿತು. ಕಲಿಸುವ ತರಗತಿಗಳನ್ನು ಜೊತೆಗೆ ಸೇರಿಸಿಕೊಂಡರು. ಬೆಲೆ ಏರಿಸಿದಾಗ ಕೆಲವು ಗಿರಾಕಿಗಳು ಹೋದರು. ಉಳಿದವರನ್ನು ನೋಡಿ, ಆಮೇಲೆ ರಾಜೀನಾಮೆ ಕೊಟ್ಟರು. ಇಂಥ ಲೆಕ್ಕ ಸಂಬಳ ಬರುತ್ತಿರುವಾಗಲೇ ಆಗಬೇಕು ಎನ್ನುವುದು ನನ್ನ ಗಟ್ಟಿ ಅಭಿಪ್ರಾಯ. ಸಂಬಳ ನಿಂತ ಮೇಲೆ ಬೆಲೆ ಏರಿಸುವ ಧೈರ್ಯ ಬರುವುದು ಕಷ್ಟ. ಬಂದ ಆರ್ಡರ್ ಹೋದೀತು ಎಂಬ ಹೆದರಿಕೆ ಕೈ ಹಿಡಿದು ನಿಲ್ಲಿಸುತ್ತದೆ.

ವಸ್ತುವಿನ ಬದಲು ಸಮಯ ಮಾರುವವರು, ಅಂದರೆ ಚಿತ್ರ, ವಿನ್ಯಾಸ, ಸಂಗೀತ, ವಿಡಿಯೋ ಮಾಡಿಕೊಡುವವರು ಮಾಡುವ ತಪ್ಪು ಸ್ವಲ್ಪ ಬೇರೆ. ವರ್ಷದ ಸಂಬಳವನ್ನು 2080ರಿಂದ ಭಾಗಿಸಿ ಗಂಟೆಯ ದರ ಇಟ್ಟುಬಿಡುತ್ತಾರೆ. 52 ವಾರ, ವಾರಕ್ಕೆ 40 ಗಂಟೆ, ಸರಿಯಾದ ಗಣಿತವೇ. ಆದರೆ ಕಂಪನಿಯಲ್ಲಿ ರಜೆಗೂ ಸಂಬಳ ಇತ್ತು, ಜ್ವರಕ್ಕೂ ಇತ್ತು, ಮೀಟಿಂಗ್‌ಗೂ ಇತ್ತು. ಸ್ವಂತಕ್ಕೆ ಇಳಿದ ಮೇಲೆ ಗಿರಾಕಿ ಹುಡುಕುವುದು, ಮೇಲ್‌ಗೆ ಉತ್ತರ ಕೊಡುವುದು, ಅಂದಾಜು ಪಟ್ಟಿ ಮಾಡುವುದು, ಇನ್‌ವಾಯ್ಸ್ ಕಳಿಸುವುದು, ದುಡ್ಡು ಬರದಿದ್ದಾಗ ಮತ್ತೆ ಮತ್ತೆ ನೆನಪಿಸುವುದು, ಯಾವುದಕ್ಕೂ ಯಾರೂ ಬಿಲ್ ಕಟ್ಟುವುದಿಲ್ಲ. ಬಿಲ್ ಮಾಡಲು ಸಿಗುವುದು ವರ್ಷಕ್ಕೆ 1000 ಗಂಟೆ ಎಂದು ಇಟ್ಟುಕೊಳ್ಳಿ. ಮನೆಯ ಖರ್ಚು, ಕೆಲಸದ ಖರ್ಚು, ತೆರಿಗೆ, ಮೂರನ್ನೂ ಕೂಡಿ 1000ದಿಂದ ಭಾಗಿಸಿ. ಆ ಮೊತ್ತ ನೋಡಿ ಗಾಬರಿಯಾಗಬಹುದು. ಅಷ್ಟು ಕೊಡಲು ಯಾರೂ ಸಿದ್ಧರಿಲ್ಲ ಅನ್ನಿಸಿದರೆ ಅದು ಕೆಲಸ ಬಿಡುವ ಮುನ್ನವೇ ತಿಳಿಯಬೇಕಾದ ಸಂಗತಿ ಅಲ್ವಾ?

ಮಾರುವ ವೇದಿಕೆಯ ಪಾಲನ್ನೂ ಮರೆಯಬೇಡಿ. ಸ್ಟೀಮ್ ಎಂಬ ಆನ್‌ಲೈನ್ ಅಂಗಡಿಯಲ್ಲಿ ಗೇಮ್ ಮಾರಿದರೆ ಸಾಮಾನ್ಯವಾಗಿ ಶೇ. 30 ಅವರಿಗೆ ಹೋಗುತ್ತದೆ. ಜನರಿಂದ ಮೊದಲೇ ಹಣ ಕೂಡಿಸಿಕೊಡುವ ಕಿಕ್‌ಸ್ಟಾರ್ಟರ್ ವೆಬ್‌ಸೈಟ್‌ನಲ್ಲಿ ದುಡ್ಡು ಎತ್ತಿದರೆ ಶೇ. 5 ಅವರ ಪಾಲು, ಪಾವತಿ ಶುಲ್ಕ ಬೇರೆ. ಅಲ್ಲಿ ನೀವೇ ಇಟ್ಟ ಗುರಿ ಮುಟ್ಟದಿದ್ದರೆ ಒಂದು ಕಾಸೂ ಕೈಗೆ ಬರುವುದಿಲ್ಲ.

ಈಗ ಉಳಿತಾಯದ ಪ್ರಶ್ನೆಗೆ ಬರೋಣ. ಸಂಬಳದ ಲೆಕ್ಕದಲ್ಲಿ ಯೋಚಿಸಬೇಡಿ, ಖರ್ಚಿನ ಲೆಕ್ಕದಲ್ಲಿ ಯೋಚಿಸಿ. ಮನೆಯ 12 ತಿಂಗಳ ಖರ್ಚು ಒಂದು ಖಾತೆಯಲ್ಲಿ ಇರಲಿ. ಸಾಲದ ಕಂತು, ಇಷ್ಟು ದಿನ ಕಂಪನಿ ಕಟ್ಟುತ್ತಿದ್ದ ಆರೋಗ್ಯ ವಿಮೆ, ಎಲ್ಲ ಅದರಲ್ಲೇ ಸೇರಬೇಕು. ಉದ್ಯಮದ ಬಂಡವಾಳ ಬೇರೆ ಖಾತೆಯಲ್ಲಿ ಇರಲಿ. ಒಂದರಿಂದ ಇನ್ನೊಂದಕ್ಕೆ ಕೈ ಹಾಕಬಾರದು. ಹೊಸ ಕ್ಯಾಮೆರಾಗೆಂದು ಮನೆ ಖಾತೆಗೆ ಒಮ್ಮೆ ಕೈ ಹಾಕಿದರೆ ಆಮೇಲೆ ನಿಲ್ಲುವುದಿಲ್ಲ. 12 ತಿಂಗಳು ಯಾಕೆಂದರೆ, ಮೊದಲ ದಿನವೇ ಕೆಲಸ ಸಿಕ್ಕರೂ ಅದನ್ನು ಮುಗಿಸಿ ಬಿಲ್ ಕಳಿಸುವ ಹೊತ್ತಿಗೆ ತಿಂಗಳುಗಳು ಕಳೆಯುತ್ತವೆ, ದೊಡ್ಡ ಕಂಪನಿಗಳು ಬಿಲ್ ಕೈಗೆ ಬಂದ ಮೇಲೂ 30 ಅಥವಾ 60 ದಿನ ತೆಗೆದುಕೊಳ್ಳುತ್ತವೆ. ಅದಕ್ಕೇ ಅರ್ಧ ಮುಂಗಡ ಕೇಳುವುದನ್ನು ಮೊದಲ ಆರ್ಡರ್‌ನಿಂದಲೇ ರೂಢಿ ಮಾಡಿಕೊಳ್ಳಿ. ಎಷ್ಟು ಸಲ ತಿದ್ದಿಕೊಡುತ್ತೀರಿ ಎಂಬುದನ್ನೂ ಮೊದಲೇ ಬರೆದು ಕೊಡಿ.

ಕಂಪನಿಯ ಷೇರು ಇದ್ದವರು ರಾಜೀನಾಮೆಯ ತಾರೀಕನ್ನು ಕ್ಯಾಲೆಂಡರ್ ನೋಡಿ ಇಟ್ಟುಕೊಳ್ಳಬೇಕು. 4 ವರ್ಷದಲ್ಲಿ ಕಂತು ಕಂತಾಗಿ ಕೈಸೇರುವ ಷೇರುಗಳಲ್ಲಿ ಇನ್ನೂ ಕೈಸೇರದವು ಸಾಮಾನ್ಯವಾಗಿ ಹೋದ ಹಾಗೆಯೇ. ಕೈಸೇರಿದ ಆಪ್ಷನ್‌ಗಳನ್ನು (ನಿಗದಿಯಾದ ಬೆಲೆಗೆ ಷೇರು ಕೊಳ್ಳುವ ಹಕ್ಕು) ಕೂಡ ಬಿಟ್ಟ 90 ದಿನದೊಳಗೆ ದುಡ್ಡು ಕಟ್ಟಿ ಕೊಳ್ಳಬೇಕೆಂಬ ಷರತ್ತು ಬಹಳ ಕಡೆ ಇರುತ್ತದೆ.

ಎರಡು ದೋಣಿಯಲ್ಲಿ ಕಾಲಿಡಬಾರದು ಎಂದು ಹಿರಿಯರು ಹೇಳುತ್ತಾರೆ. ಈ ವಿಷಯದಲ್ಲಿ ಮಾತ್ರ ನಾನು ಆ ಮಾತು ಒಪ್ಪುವುದಿಲ್ಲ. ಜೋಸೆಫ್ ರಾಫಿ ಮತ್ತು ಜೀ ಫೆಂಗ್ ಎಂಬ ಸಂಶೋಧಕರು 2014ರಲ್ಲಿ ಪ್ರಕಟಿಸಿದ ಅಧ್ಯಯನವೊಂದು ಇದೆ. ಅಮೆರಿಕದಲ್ಲಿ 1994ರಿಂದ 2008ರವರೆಗೆ ಸ್ವಂತ ಉದ್ಯಮಕ್ಕೆ ಇಳಿದವರ ಮಾಹಿತಿಯನ್ನು ಅವರು ನೋಡಿದರು. ಒಂದೇ ಸಲ ಕೆಲಸ ಬಿಟ್ಟು ಇಳಿದವರಿಗೆ ಹೋಲಿಸಿದರೆ, ಕೆಲಸದಲ್ಲಿದ್ದುಕೊಂಡೇ ಶುರು ಮಾಡಿ ಆಮೇಲೆ ಬಿಟ್ಟವರ ಉದ್ಯಮ ಮುಚ್ಚಿಹೋಗುವ ಸಾಧ್ಯತೆ ಶೇ. 33ರಷ್ಟು ಕಮ್ಮಿ ಇತ್ತು. ಕಲಿಯಲು ಸಮಯ ಸಿಗುತ್ತದೆ, ತಪ್ಪು ಮಾಡಿದರೂ ಆ ತಿಂಗಳ ಖರ್ಚು ನಡೆಯುತ್ತದೆ. ಮೈನ್‌ಕ್ರಾಫ್ಟ್ ಗೇಮ್ ಮಾಡಿದ ಸ್ವೀಡನ್ನಿನ ಮಾರ್ಕಸ್ ಪೆರ್ಸನ್ ಕೂಡ ಹೀಗೇ ಮಾಡಿದ್ದು. 2009ರಲ್ಲಿ ಗೇಮ್‌ನ ಮೊದಲ ರೂಪ ಜನರ ಕೈಗೆ ಸಿಕ್ಕಾಗ ಅವರು ಪ್ರೋಗ್ರಾಮರ್ ಆಗಿ ಕೆಲಸದಲ್ಲಿದ್ದರು. ಅರೆಬರೆ ಇದ್ದಾಗಲೇ ಮಾರಲು ಶುರು ಮಾಡಿದರು, ಕೆಲಸದ ಗಂಟೆ ಕಮ್ಮಿ ಮಾಡಿಕೊಂಡರು, ಮಾರಾಟ ನಿಂತು ಹೋಗುವಂಥದ್ದಲ್ಲ ಎಂದು ಖಾತ್ರಿಯಾದ ಮೇಲೆ 2010ರಲ್ಲಿ ಕೆಲಸ ಬಿಟ್ಟರು.

ಆದರೆ ಕೆಲಸದಲ್ಲಿದ್ದುಕೊಂಡು ಶುರು ಮಾಡುವವರು ನೇಮಕಾತಿ ಪತ್ರವನ್ನು ಒಮ್ಮೆ ಪೂರ್ತಿ ಓದಲೇಬೇಕು. ಕೆಲಸದ ಭಾಗವಾಗಿ ನೌಕರ ಮಾಡಿದ ಕೃತಿಯ ಹಕ್ಕು ಮಾಲೀಕನದು ಎಂಬುದು ಹಲವು ದೇಶಗಳ ಕಾನೂನು. ಬೇರೆ ಒಪ್ಪಂದ ಇಲ್ಲದಿದ್ದರೆ ಭಾರತದ 1957ರ ಕೃತಿಸ್ವಾಮ್ಯ ಕಾಯ್ದೆಯ 17ನೇ ಸೆಕ್ಷನ್ ಕೂಡ ಹಾಗೇ ಹೇಳುತ್ತದೆ. ಕೆಲವು ಕಂಪನಿಗಳ ಪತ್ರ ಇನ್ನೂ ಮುಂದೆ ಹೋಗಿ, ನೌಕರಿಯಲ್ಲಿರುವಾಗ ಮಾಡಿದ್ದೆಲ್ಲ ನಮ್ಮದು ಎಂದು ಬರೆದುಕೊಂಡಿರುತ್ತದೆ. ಕ್ಯಾಲಿಫೋರ್ನಿಯಾದಂಥ ಕಡೆ ಇದಕ್ಕೆ ಕಾನೂನೇ ಮಿತಿ ಹಾಕಿದೆ: ಸ್ವಂತ ಸಮಯದಲ್ಲಿ, ಸ್ವಂತ ಉಪಕರಣದಲ್ಲಿ, ಕಂಪನಿಯ ವ್ಯವಹಾರಕ್ಕೆ ಸಂಬಂಧ ಇಲ್ಲದಂತೆ ಮಾಡಿದ ಆವಿಷ್ಕಾರ ನೌಕರನದೇ. ಎಲ್ಲ ಕಡೆ ಈ ರಕ್ಷಣೆ ಇಲ್ಲ. ಕಂಪನಿಯ ಲ್ಯಾಪ್‌ಟಾಪ್‌ನಲ್ಲಿ ನಿಮ್ಮ ಚಿತ್ರ, ಕಥೆ, ಕೋಡ್ ಒಂದನ್ನೂ ಇಡಬೇಡಿ. ಅನುಮತಿ ಬೇಕಿದ್ದರೆ ಲಿಖಿತವಾಗಿ ಕೇಳಿ. ಮ್ಯಾನೇಜರ್ ಬಾಯಿಮಾತಲ್ಲಿ ಹೂಂ ಅಂದದ್ದು ಸಾಲದು.

ಐಟಿಯಿಂದ ಬಂದವರಲ್ಲಿ ಒಂದು ಅಭ್ಯಾಸ ಮತ್ತೆ ಮತ್ತೆ ಕಾಣುತ್ತೇನೆ. ಕೆಲಸ ಬಿಟ್ಟ ಮೊದಲ ವಾರಗಳಲ್ಲಿ ತಮಗೆ ಚೆನ್ನಾಗಿ ಬರುವ ಕೆಲಸದ ಕಡೆಗೇ ಓಡುತ್ತಾರೆ. ಸೊಗಸಾದ ವೆಬ್‌ಸೈಟ್ ಕಟ್ಟುತ್ತಾರೆ, ಆರ್ಡರ್ ನಿಭಾಯಿಸಲು ಸ್ವಂತ ಸಾಫ್ಟ್‌ವೇರ್ ಬರೆಯುತ್ತಾರೆ, ಲೋಗೋ ಐದಾರು ಸಲ ಬದಲಾಯಿಸುತ್ತಾರೆ. ದಿನಪೂರ್ತಿ ದುಡಿದ ಸಮಾಧಾನ ಸಿಗುತ್ತದೆ, ನಿಭಾಯಿಸಲು ಒಂದು ಆರ್ಡರೂ ಇರುವುದಿಲ್ಲ. ಮೊದಲ 50 ಆರ್ಡರ್‌ಗೆ ಒಂದು ಸ್ಪ್ರೆಡ್‌ಶೀಟ್ ಸಾಕು. ನಿಮ್ಮ ಕೈಗೆ ಕಷ್ಟ ಅನ್ನಿಸುವ ಕೆಲಸ ಯಾವುದೋ ಅದನ್ನು ಬೆಳಿಗ್ಗೆಯೇ ಮಾಡಿ ಎಂದು ನಾನು ಹೇಳುತ್ತೇನೆ. ಹೆಚ್ಚಿನವರಿಗೆ ಅದು ಅಪರಿಚಿತರಿಗೆ ಫೋನ್ ಮಾಡಿ "ನಿಮಗೆ ಇದು ಬೇಕಾ?" ಎಂದು ಕೇಳುವುದು.

ಇನ್ನೊಂದು ಮಾತು, ಲೆಕ್ಕದ ಪುಸ್ತಕದಲ್ಲಿ ಕಾಣದ್ದು. 1973ರಲ್ಲಿ ಮಾರ್ಕ್ ಲೆಪ್ಪರ್, ಡೇವಿಡ್ ಗ್ರೀನ್, ರಿಚರ್ಡ್ ನಿಸ್ಬೆಟ್ ಎಂಬ ಮನಶ್ಶಾಸ್ತ್ರಜ್ಞರು ಚಿತ್ರ ಬಿಡಿಸುವುದೆಂದರೆ ಇಷ್ಟಪಡುವ ಪುಟ್ಟ ಮಕ್ಕಳ ಮೇಲೆ ಒಂದು ಪ್ರಯೋಗ ಮಾಡಿದ್ದರು. ಕೆಲವರಿಗೆ, ಬಿಡಿಸಿದರೆ ಬಹುಮಾನ ಎಂದು ಮೊದಲೇ ಹೇಳಿದರು. ಕೆಲವರಿಗೆ ಹೇಳದೆ ಕೊನೆಗೆ ಕೊಟ್ಟರು. ಉಳಿದವರಿಗೆ ಏನೂ ಕೊಡಲಿಲ್ಲ. ಆಮೇಲೆ ಮಕ್ಕಳನ್ನು ಅವರ ಪಾಡಿಗೆ ಬಿಟ್ಟಾಗ, ಬಹುಮಾನಕ್ಕೆಂದೇ ಬಿಡಿಸಿದ್ದ ಮಕ್ಕಳು ಉಳಿದವರ ಸುಮಾರು ಅರ್ಧದಷ್ಟು ಹೊತ್ತು ಮಾತ್ರ ಚಿತ್ರ ಬಿಡಿಸಿದರು. ದೊಡ್ಡವರ ದುಡಿಮೆಗೆ ಇದನ್ನು ಹಾಗೇ ಹೊಂದಿಸಲಾಗದು. ಆದರೂ ವರ್ಷವಿಡೀ ಆರ್ಡರ್‌ಗೆ ತಕ್ಕಂತೆ ಬರೆದ ಚಿತ್ರಕಾರರು "ಸುಮ್ನೆ ನನಗೋಸ್ಕರ ಬರೆದು ಎಷ್ಟು ದಿನವಾಯ್ತೋ" ಎಂದು ಹೇಳುವಾಗ ನನಗೆ ಈ ಪ್ರಯೋಗ ನೆನಪಾಗುತ್ತದೆ. ವಾರದಲ್ಲಿ ಒಂದು ಹೊತ್ತು ಯಾರಿಗೂ ಮಾರದ, ಎಲ್ಲೂ ಹಾಕದ ಕೆಲಸಕ್ಕೆ ಇಟ್ಟುಕೊಳ್ಳಿ. ಅದನ್ನು ಖರ್ಚಿನ ಪಟ್ಟಿಯಲ್ಲೇ ಬರೆಯಿರಿ, ಆಗ ಬಿಟ್ಟುಹೋಗುವುದಿಲ್ಲ.

ರಾಜೀನಾಮೆಯ ಹಿಂದಿನ ವಾರ ಮನೆಯವರ ಜೊತೆ ಕೂತು ಒಂದು ಹಾಳೆ ಬರೆಯಿರಿ. ಯಾವ ತಾರೀಕಿನಂದು ಲೆಕ್ಕ ನೋಡುತ್ತೀರಿ, ಅಂದು ಮನೆ ಖಾತೆಯಲ್ಲಿ ಕನಿಷ್ಠ ಎಷ್ಟು ಉಳಿದಿರಬೇಕು, ಅಷ್ಟು ಇಲ್ಲದಿದ್ದರೆ ಏನು ಮಾಡುತ್ತೀರಿ. ಅರೆಕಾಲಿಕ ಕೆಲಸವೋ, ಪೂರ್ತಿ ವಾಪಸ್ ಹೋಗುವುದೋ, ಸ್ಪಷ್ಟವಾಗಿ ಬರೆದಿರಲಿ. ಹಳೆಯ ಸಹೋದ್ಯೋಗಿಗಳ ಜೊತೆ ಸಂಪರ್ಕ ಇಟ್ಟುಕೊಂಡರೆ, ವಾಪಸ್ ಹೋಗುವುದು ಅಷ್ಟು ಕಷ್ಟವಲ್ಲ. ನನ್ನ ಬಳಿ ಬರುವವರಲ್ಲಿ ಹಾಗೆ ಹೋಗಿ, ಮತ್ತೆ ಉಳಿಸಿ, ಎರಡನೇ ಸಲ ಬಿಟ್ಟು ಚೆನ್ನಾಗಿ ನಡೆಸುತ್ತಿರುವವರಿದ್ದಾರೆ. ಹಾಳೆಯ ಕೆಳಗೆ ಇಬ್ಬರೂ ಸಹಿ ಹಾಕಿ. ಆ ತಾರೀಕಿನವರೆಗೆ ನೀವು ಉದ್ಯಮಕ್ಕೆಂದು ಮನೆ ಖಾತೆ ಮುಟ್ಟಬಾರದು, ಮನೆಯವರು ದಿನಾ "ಏನಾಯ್ತು?" ಎಂದು ಕೇಳಬಾರದು. ಈ ಎರಡು ಷರತ್ತುಗಳನ್ನೂ ಅದೇ ಹಾಳೆಯಲ್ಲಿ ಬರೆದಿಡಿ.