ಹತ್ತು ವರ್ಷ ದುಡಿದರೆ ಖಾಯಂ ಆಗುತ್ತದೆಯೇ?

"ವಕೀಲರೇ, ಹತ್ತು ವರ್ಷ ಆಯಿತಲ್ಲ, ಇನ್ನು ಪರ್ಮನೆಂಟ್ ಮಾಡಲೇಬೇಕಲ್ಲ?" ಕೇರಳದ ಕಾಸರಗೋಡು ಜಿಲ್ಲೆಯ ಮಂಜೇಶ್ವರ, ಕುಂಬಳೆ, ಬದಿಯಡ್ಕ ಕಡೆಯ ಸರಕಾರಿ ಕಚೇರಿ, ಶಾಲೆಗಳ ತಾತ್ಕಾಲಿಕ ನೌಕರರು ಕುರ್ಚಿಯಲ್ಲಿ ಸರಿಯಾಗಿ ಕೂರುವ ಮೊದಲೇ ಕೇಳುವ ಪ್ರಶ್ನೆ ಇದು. ಮಾಡಲೇಬೇಕೆಂದೇನೂ ಇಲ್ಲ. ಸಂಘದ ಸಭೆಯಲ್ಲಿ ಯಾರೋ ಹೇಳಿದ ಮಾತನ್ನು ನಂಬಿ ಬಂದವರಿಗೆ ಈ ಉತ್ತರ ಹಿಡಿಸುವುದಿಲ್ಲ.

ಹತ್ತು ವರ್ಷದ ಲೆಕ್ಕ ಬಂದದ್ದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ 2006ರ ಏಪ್ರಿಲ್ 10ರಂದು ಕೊಟ್ಟ ಉಮಾದೇವಿ ತೀರ್ಪಿನಿಂದ. ಅದರಲ್ಲಿ ಹತ್ತು ವರ್ಷ ಒಂದು ಷರತ್ತು ಮಾತ್ರ. ಹುದ್ದೆ ಮಂಜೂರಾದದ್ದಾಗಿರಬೇಕು, ಅದಕ್ಕೆ ಬೇಕಾದ ಅರ್ಹತೆ ನಿಮಗಿರಬೇಕು, ಕೋರ್ಟಿನ ತಡೆಯಾಜ್ಞೆಯ ಬಲದಿಂದ ಉಳಿದುಕೊಂಡ ವರ್ಷಗಳು ಲೆಕ್ಕಕ್ಕಿಲ್ಲ. ನೇಮಕದಲ್ಲಿ ಕ್ರಮದ ಲೋಪ ಇದ್ದರೆ ಪರವಾಗಿಲ್ಲ, ನೇಮಕವೇ ಕಾನೂನುಬಾಹಿರ ಆಗಿರಬಾರದು. ಇಷ್ಟಾದ ಮೇಲೂ ಅದು ಒಂದೇ ಸಲದ ವ್ಯವಸ್ಥೆ: ಆ ತೀರ್ಪಿನ ಹೊತ್ತಿಗೆ ಹತ್ತು ವರ್ಷ ತುಂಬಿದವರಿಗಾಗಿ ಹೇಳಿದ್ದು. 2014ರಲ್ಲಿ ಸೇರಿ 2024ರಲ್ಲಿ ಹತ್ತು ಮುಗಿಸಿದವರು ಆ ಸಾಲನ್ನು ತೋರಿಸಿ ಹಕ್ಕು ಕೇಳುವಂತಿಲ್ಲ.

ಹಾಗಾದರೆ ಬಾಗಿಲು ಮುಚ್ಚಿತೇ? ಹಾಗೂ ಅಲ್ಲ. 2024ರ ಡಿಸೆಂಬರಿನ ಜಗ್ಗೋ ಪ್ರಕರಣದಲ್ಲಿ ಕೇಂದ್ರ ಜಲ ಆಯೋಗದಲ್ಲಿ ಗುಡಿಸುವ, ತೋಟ ನೋಡುವ ಕೆಲಸ ಮಾಡುತ್ತಿದ್ದವರನ್ನು ಖಾಯಂಗೊಳಿಸಲು ಸುಪ್ರೀಂ ಕೋರ್ಟೇ ಆದೇಶಿಸಿತು. ಉಮಾದೇವಿ ತೀರ್ಪನ್ನು ನೌಕರರ ವಿರುದ್ಧದ ಆಯುಧ ಮಾಡಿಕೊಳ್ಳಬೇಡಿ ಎಂದೂ ಹೇಳಿತು. ಅಲ್ಲಿ ನಡೆದದ್ದು ಬರೀ ವರ್ಷದ ಎಣಿಕೆಯಲ್ಲ. ಕೆಲಸ ಕಚೇರಿಗೆ ಸದಾ ಬೇಕಾದದ್ದು, ದುಡಿಮೆ ಎಡೆಬಿಡದೆ ನಡೆದದ್ದು, ತೆಗೆದುಹಾಕಿದ್ದು ನೋಟಿಸೂ ಇಲ್ಲದೆ. ನಿಮ್ಮ ಪ್ರಕರಣದಲ್ಲಿ ಇವಿದ್ದರೆ ವಾದಕ್ಕೆ ಜೀವ ಇದೆ ಎನ್ನಬಹುದು, ಗೆಲುವಿನ ಭರವಸೆ ಕೊಡಲಾಗದು.

ಆದ್ದರಿಂದ ಮೊದಲು ತರಬೇಕಾದದ್ದು ನೇಮಕದ ಆದೇಶ. ಎಂಪ್ಲಾಯ್‌ಮೆಂಟ್ ಎಕ್ಸ್‌ಚೇಂಜಿನ ಮೂಲಕ 179 ದಿನದ ನಿಗದಿತ ಅವಧಿಗೆ ಬಂದವರ ಪ್ರಕರಣ ಬೇರೆ, ಶಾಲೆಯಲ್ಲಿ ಸಂದರ್ಶನ ಮಾಡಿ ದಿನವೇತನಕ್ಕೆ ತೆಗೆದುಕೊಂಡ ಕನ್ನಡ ಟೀಚರದ್ದು ಬೇರೆ, ಏಜೆನ್ಸಿ ಕಳಿಸಿದವರದ್ದು ಪೂರ್ತಿ ಬೇರೆ. ಮಲಯಾಳದಲ್ಲಿದ್ದ ಕರಾರಿಗೆ ಓದದೆ ಸಹಿ ಹಾಕಿ ಪ್ರತಿಯನ್ನೂ ಇಟ್ಟುಕೊಳ್ಳದವರೇ ಹೆಚ್ಚು. ಪ್ರತಿ ಇಲ್ಲದಿದ್ದರೆ ಹತ್ತು ರೂಪಾಯಿಯ ಕೋರ್ಟ್ ಫೀ ಸ್ಟಾಂಪ್ ಅಂಟಿಸಿ ಮಾಹಿತಿ ಹಕ್ಕಿನಲ್ಲಿ ಕೇಳಿ: ನೇಮಕ ಆದೇಶ, ಹಾಜರಿ ಪುಸ್ತಕ, ವೇತನ ಬಿಲ್ಲು, ಹುದ್ದೆ ಮಂಜೂರಾದ ಆದೇಶ. 30 ದಿನದಲ್ಲಿ ಉತ್ತರ ಬರಬೇಕು. ಕೆಲಸ ಹೋದ ಮೇಲೆ ಕೇಳುವುದಕ್ಕಿಂತ ಇರುವಾಗಲೇ ಕೇಳಿಟ್ಟುಕೊಳ್ಳುವುದು ಒಳ್ಳೆಯದು.

ಖಾಯಮಾತಿಯ ಕನಸಿನಲ್ಲಿ ಈಗಲೇ ಸಿಗಬಹುದಾದದ್ದನ್ನು ಬಿಟ್ಟುಬಿಡುವವರನ್ನು ಕಂಡರೆ ಸಿಟ್ಟೂ ಬರುತ್ತದೆ, ಕನಿಕರವೂ ಆಗುತ್ತದೆ. ಖಾಯಂ ನೌಕರ ಮಾಡುವ ಅದೇ ಕೆಲಸವನ್ನು, ಅದೇ ಹೊಣೆಯೊಂದಿಗೆ ಮಾಡುತ್ತಿದ್ದೀರೆಂದು ತೋರಿಸಲು ಸಾಧ್ಯವಾದರೆ ಆ ಹುದ್ದೆಯ ವೇತನಶ್ರೇಣಿಯ ಕನಿಷ್ಠ ಮೊತ್ತ ಕೇಳಬಹುದು (ಸುಪ್ರೀಂ ಕೋರ್ಟಿನ ಜಗಜೀತ್ ಸಿಂಗ್ ಪ್ರಕರಣ, 2016). ಇನ್‌ಕ್ರಿಮೆಂಟು ಅದರಲ್ಲಿ ಸೇರುವುದಿಲ್ಲ. ಹೆರಿಗೆ ಸೌಲಭ್ಯದ ಕಾನೂನು ಅನ್ವಯಿಸುವ ಕಡೆ, ಹೆರಿಗೆಯ ನಿರೀಕ್ಷಿತ ದಿನಕ್ಕೆ ಹಿಂದಿನ 12 ತಿಂಗಳಲ್ಲಿ 80 ದಿನ ದುಡಿದಿದ್ದರೆ ಸೌಲಭ್ಯ ಇದೆ. ನಡುವೆ ಗುತ್ತಿಗೆ ಮುಗಿದರೂ ಅದು ನಿಲ್ಲುವುದಿಲ್ಲ ಎಂದು 2023ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. "ಕಂಟ್ರಾಕ್ಟಿನವರಿಗೆ ಹೆರಿಗೆ ರಜೆ ಇಲ್ಲ" ಎಂದು ಕ್ಲರ್ಕ್ ಹೇಳಿದರೆ ಅದನ್ನು ಬರೆದುಕೊಡಲು ಹೇಳಿ, ಸಾಮಾನ್ಯವಾಗಿ ಬರೆದುಕೊಡುವುದಿಲ್ಲ! ಪಿಎಸ್‌ಸಿಯಿಂದ (ಅಂದರೆ ಲೋಕಸೇವಾ ಆಯೋಗದ ಮೂಲಕ ಆಯ್ಕೆಯಾಗಿ) ಬಂದವರಿಗೆ ತಾತ್ಕಾಲಿಕರು ಜಾಗ ಬಿಡಲೇಬೇಕು. ನಿಮ್ಮನ್ನು ತೆಗೆದು ಇನ್ನೊಬ್ಬ ತಾತ್ಕಾಲಿಕನನ್ನೇ ಕೂರಿಸಿದರೆ ಮಾತ್ರ ಪ್ರಶ್ನಿಸಲು ದಾರಿ ಇದೆ, 179 ದಿನದ ನೇಮಕದಲ್ಲಿ ಆ ವಾದ ನಿಲ್ಲುವುದು ಕಷ್ಟ.

ಇವನ್ನು ಕೇಳಿ ಇಲಾಖೆಗೆ ಕೊಡುವ ಮನವಿಯನ್ನು ಕನ್ನಡದಲ್ಲೇ ಬರೆಯಿರಿ. ಕೇರಳದ ಅಧಿಕೃತ ಭಾಷಾ ಕಾನೂನಿನ ಪ್ರಕಾರ ಕನ್ನಡ ಅಲ್ಪಸಂಖ್ಯಾತರು ಸೆಕ್ರೆಟರಿಯೇಟಿಗೂ ಭಾಷಾ ಅಲ್ಪಸಂಖ್ಯಾತ ಪ್ರದೇಶದ ಕಚೇರಿಗಳಿಗೂ ಕನ್ನಡದಲ್ಲಿ ಬರೆಯಬಹುದು, ಉತ್ತರವೂ ಕನ್ನಡದಲ್ಲೇ ಬರಬೇಕು. ಮನವಿ ಕೊಟ್ಟ ದಿನವೇ ಪ್ರತಿಯ ಮೇಲೆ ಸೀಲು, ತಾರೀಕು ಹಾಕಿಸಿಕೊಳ್ಳಿ. ಸರಕಾರಿ ಇಲಾಖೆಯ ಸೇವೆಯ ವಿಷಯ ಕೇರಳ ಆಡಳಿತ ನ್ಯಾಯಮಂಡಳಿಗೆ ಹೋಗುತ್ತದೆ. ಆದೇಶ ಬಂದಿದ್ದರೆ ಅಂದಿನಿಂದ ಒಂದು ವರ್ಷದೊಳಗೆ, ಮನವಿಗೆ ಉತ್ತರವೇ ಬರದಿದ್ದರೆ ಆರು ತಿಂಗಳು ಕಾದು ಅಲ್ಲಿಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು. ತಡಕ್ಕೆ ತಕ್ಕ ಕಾರಣ ಇದ್ದರೆ ಮಂಡಳಿ ಮನ್ನಿಸಬಹುದು. ಆದರೆ ವರ್ಷಕ್ಕೊಂದು ಹೊಸ ಮನವಿ ಕೊಡುತ್ತಾ ಹೋದರೆ ಅವಧಿ ಉದ್ದವಾಗುವುದಿಲ್ಲ.